ಬಿಷಪ್ ಸಾಹೇಬರು ತೊಳೆದ ಕಾಲು

ನಾನು ಚಿಕ್ಕವನಿದ್ದಾಗ ನಮ್ಮ ಅಪ್ಪನ ಪಾದಗಳು ಹಳದಿಯಾಗಿದ್ದವು. ರೋಗದಿಂದಲ್ಲ, ಕೂಲಿಯಿಂದ. ಅಪ್ಪ ಸಾಂಗ್ಲಿಯ ಅರಿಸಿನದ ಪೇಟೆಯಲ್ಲಿ ದುಡಿಯುತ್ತಿದ್ದ. ಬೇಯಿಸಿ ಒಣಗಿಸಿದ ಅರಿಸಿನದ ಕೊಂಬುಗಳನ್ನು ಅಲ್ಲಿ ನೆಲದ ಮೇಲೆ ಹರವುತ್ತಿದ್ದರು. ಅಪ್ಪ ಕಾಲಿಗೆ ಗೋಣಿತಟ್ಟು ಸುತ್ತಿಕೊಂಡು ಬೆಳಗಿನಿಂದ ಸಂಜೆಯವರೆಗೆ ಅವುಗಳನ್ನು ತಿಕ್ಕಿ ತಿಕ್ಕಿ ಸಿಪ್ಪೆ ಬಿಡಿಸುತ್ತಿದ್ದ. ಎಷ್ಟು ಬಿಗಿಯಾಗಿ ಸುತ್ತಿದರೂ ಪುಡಿ ಒಳಗೆ ಇಳಿಯುತ್ತಿತ್ತು. ಹಿಮ್ಮಡಿಯ ಬಿರುಕಿನಲ್ಲಿ ಕೂತ ಆ ಹಳದಿ ಯಾವ ನೀರಿಗೂ ಜಗ್ಗುತ್ತಿರಲಿಲ್ಲ. ಓಣಿಯ ಹೆಂಗಸರು ನನ್ನನ್ನು ನಿಲ್ಲಿಸಿ ಚೇಷ್ಟೆ ಮಾಡುತ್ತಿದ್ದರು: "ನಿಮ್ಮಪ್ಪ ದಿನಾ ಮದಿಮಗ ನೋಡೋ, ದಿನಾ ಅರಿಷಿಣ ಹಚಗೊಂಡ ಬರ್ತಾನ!" ನನಗೆ ನಾಚಿಕೆಯಾಗುತ್ತಿತ್ತು. ಅಪ್ಪ ಮಾತ್ರ ನಗುತ್ತಿದ್ದ.

ನಮ್ಮ ಮನೆ ಇದ್ದದ್ದು ಮಿರಜಿನಲ್ಲಿ, ಸ್ಟೇಷನ್ನಿನ ಹಿಂದಿನ ಓಣಿಯಲ್ಲಿ. ನಮ್ಮ ಅಜ್ಜ ಅಥಣಿಯ ಕಡೆಯಿಂದ ಹೊಟ್ಟೆಪಾಡಿಗೆ ಇಲ್ಲಿಗೆ ಬಂದು, ಇಲ್ಲಿಯೇ ಕ್ರಿಸ್ತನ ಸಭೆಗೆ ಸೇರಿದವರು. ಮನೆಯಲ್ಲಿ ಕನ್ನಡ, ಬೀದಿಯಲ್ಲಿ ಮರಾಠಿ, ಚರ್ಚಿನಲ್ಲಂತೂ ಪ್ರಾರ್ಥನೆ, ಹಾಡು, ಬೈಗುಳ ಎಲ್ಲವೂ ಮರಾಠಿ. ಅಪ್ಪನಿಗೆ ಮರಾಠಿ ಬರುತ್ತಿತ್ತು, ಆದರೆ ದೊಡ್ಡವರ ಎದುರು ನಿಂತರೆ ಬಂದದ್ದೂ ಮರೆತುಹೋಗುತ್ತಿತ್ತು.

ಈ ಹಳೆಯ ಮಾತನ್ನು ಈಗ ಯಾಕೆ ತೆಗೆದೆ ಎಂದರೆ, ಹೋದ ಭಾನುವಾರ ನನ್ನ ಮೊಮ್ಮಗಳು ಚರ್ಚಿನ ಗೋಡೆಯ ಮೇಲಿನ ಒಂದು ಫೋಟೋದ ಮುಂದೆ ನಿಂತುಬಿಟ್ಟಳು. ಹಳೆಯ ಕಪ್ಪು ಬಿಳುಪು ಫೋಟೋ. ಬಿಳಿ ಕೂದಲಿನ ಒಬ್ಬ ದೊರೆ ಹಿತ್ತಾಳೆಯ ಬೋಗುಣಿಯ ಮುಂದೆ ಮೊಣಕಾಲೂರಿ, ಯಾರದೋ ಎರಡು ಕಾಲುಗಳನ್ನು ಹಿಡಿದು ತಲೆ ಬಗ್ಗಿಸಿದ್ದಾರೆ. ಕೆಳಗೆ ಅವರ ಹೆಸರಿದೆ, ಹುಟ್ಟಿದ ಊರಿದೆ, ಎಷ್ಟು ವರ್ಷ ಸೇವೆ ಮಾಡಿದರೆಂಬ ಲೆಕ್ಕವಿದೆ. ಕಾಲು ಯಾರದೆಂದು ಬರೆದಿಲ್ಲ. "ಅಜ್ಜಾ, ಹೇ ಪಾಯ ಕೋಣಾಚೇ?" ಎಂದು ಕೇಳಿದಳು. ಅವಳಿಗೆ ಕನ್ನಡ ತಿಳಿಯುತ್ತದೆ, ಮಾತಾಡಲು ಮರಾಠಿಯೇ ಬರುತ್ತದೆ. ಕಾಲು ಯಾರದೆಂದು ಆ ಗೋಡೆಯ ಮುಂದೆ ನಿಂತು ಕೇಳಿದವಳು ಇವಳೊಬ್ಬಳೇ. ಹಾಗಾಗಿ ಹೇಳಲೇಬೇಕು.

ಫೋಟೋದಲ್ಲಿರುವ ಆ ದೊರೆ ನಮ್ಮ ಬಿಷಪ್ ಸಾಹೇಬರು. ಒಂದೊಂದು ಚರ್ಚಿಗೆ ಒಬ್ಬ ಪಾದ್ರಿ ಇದ್ದರೆ, ಅಂಥ ಎಷ್ಟೋ ಪಾದ್ರಿಗಳ ಮೇಲೆ ಹಿರಿಯರಾಗಿ ಇರುವವರು ಬಿಷಪ್. ಇಪ್ಪತ್ತೈದರ ಹರೆಯದಲ್ಲಿ ಇಂಗ್ಲೆಂಡಿನಿಂದ ಹಡಗು ಹತ್ತಿ ಬಂದವರಂತೆ. ಒಬ್ಬ ಶಾಸ್ತ್ರಿಗಳ ಬಳಿ ಕೂತು ಮರಾಠಿ ಕಲಿತರು. ಅದು ಎಷ್ಟು ಗ್ರಂಥದ ಮರಾಠಿಯೆಂದರೆ, ಕಾಯಿಪಲ್ಲೆ ಮಾರುವ ಮುದುಕಿಗೆ ಒಂದಕ್ಷರ ತಿಳಿಯುತ್ತಿರಲಿಲ್ಲ. ನಮ್ಮಂಥ ಕನ್ನಡದವರು ಸಿಕ್ಕರೆ "ಊಟ ಆತೇನ್ರಿ?" ಎನ್ನುತ್ತಿದ್ದರು. ಅವರಿಗೆ ಬರುತ್ತಿದ್ದ ಕನ್ನಡ ಅಷ್ಟೇ. ಮದುವೆಯಾಗಿ ಬಂದ ಹೆಂಡತಿ ಎರಡನೆಯ ಮಳೆಗಾಲದಲ್ಲಿ ಜ್ವರಕ್ಕೆ ತೀರಿಕೊಂಡರು. ಮಣ್ಣು ಮಾಡಿದ್ದು ಮಿರಜಿನಲ್ಲೇ. ವರ್ಷಕ್ಕೊಮ್ಮೆ ಸಾಹೇಬರು ಇಲ್ಲಿಗೆ ಬಂದಾಗ, ಸ್ಟೇಷನ್ನಿನಿಂದ ನೇರ ಆ ಸಮಾಧಿಗೆ ಹೋಗಿ, ಆಮೇಲೆಯೇ ಚಹಾ ಕುಡಿಯುತ್ತಿದ್ದರು. ಕಾಲರಾ ಬಂದ ವರ್ಷ ಸೈಕಲ್ಲಿನ ಮೇಲೆ ಔಷಧದ ಡಬ್ಬಿ ಕಟ್ಟಿಕೊಂಡು ಹಳ್ಳಿ ಹಳ್ಳಿ ತಿರುಗಿದವರು ಎಂದು ಅವ್ವ ಹೇಳುತ್ತಿದ್ದಳು. ಮತ್ತೆ ಮದುವೆಯಾಗಲಿಲ್ಲ, ಊರಿಗೂ ಮರಳಲಿಲ್ಲ. ಹೀಗೆ ನಲವತ್ತು ವರ್ಷ.

ಅವರು ಕೆಟ್ಟವರೆಂದು ನಾನು ಹೇಳುವುದಿಲ್ಲ, ಮಕ್ಕಳೇ. ಕೆಟ್ಟವರಾಗಿದ್ದರೆ ಎರಡು ಬೈದು ಮರೆತುಬಿಡುತ್ತಿದ್ದೆ. ಒಳ್ಳೆಯವರ ಮೇಲೆ ಬಂದ ಸಿಟ್ಟನ್ನು ಎಲ್ಲಿ ಇಡಬೇಕು ಎಂಬುದೇ ತಿಳಿಯುವುದಿಲ್ಲ. ನನಗೆ ಎಪ್ಪತ್ತು ದಾಟಿತು, ಇನ್ನೂ ಇಟ್ಟುಕೊಂಡೇ ಇದ್ದೇನೆ.

ಆ ವರ್ಷ ಸಾಹೇಬರು ಸೇವೆ ಮುಗಿಸಿ ತಮ್ಮ ದೇಶಕ್ಕೆ ಹೊರಟಿದ್ದರು. ಮಿರಜಿಗೆ ಅದೇ ಕೊನೆಯ ಭೇಟಿ. ಈಸ್ಟರ್ ಹಬ್ಬಕ್ಕೆ ಮುಂಚಿನ ಗುರುವಾರ ಬರುವೆನೆಂದು ಹೇಳಿ ಕಳಿಸಿದ್ದರು. ಯೇಸುಸ್ವಾಮಿ ಸಾಯುವ ಹಿಂದಿನ ದಿನ ತನ್ನ ಹನ್ನೆರಡು ಜನ ಶಿಷ್ಯರ ಕಾಲು ತೊಳೆದನಲ್ಲ, ಅದರ ನೆನಪಿಗೆ ಆ ದಿನ ಬಿಷಪ್ಪರು ಹನ್ನೆರಡು ಜನರ ಕಾಲು ತೊಳೆಯುವ ಪದ್ಧತಿ. ಪ್ರತಿ ಸಲ ಆ ಹನ್ನೆರಡರಲ್ಲಿ ಮಾಸ್ತರರು, ರೈಲ್ವೆ ಕ್ಲಾರ್ಕು, ದವಾಖಾನೆಯ ಕಂಪೌಂಡರು, ಇಂಥವರೇ ಇರುತ್ತಿದ್ದರು. ಈ ಸಲ ಸಾಹೇಬರು ಪಾದ್ರಿಗಳಿಗೆ ಬರೆದರಂತೆ: ನನಗೆ ಬೂಟು ಹಾಕುವವರ ಕಾಲು ಬೇಡ, ದುಡಿಯುವವರ ಕಾಲು ಬೇಕು. ಪಾದ್ರಿಗಳು ಹುಳಿ ಮುಖ ಮಾಡಿಕೊಂಡು ಓಣಿಗೆ ಬಂದು ಹನ್ನೆರಡು ಜನರನ್ನು ಆರಿಸಿದರು. ಅವರಲ್ಲಿ ಅಪ್ಪನೂ ಒಬ್ಬ. ಹೋಗುವಾಗ, "ಕಾಲ ಸ್ವಚ್ಛ ತೊಳಕೊಂಡ ಬರ್ರಿ ಮತ್ತ" ಎಂದು ಹೇಳಿ ಹೋದರು. ತೊಳೆಸಿಕೊಳ್ಳಲು ಹೋಗುವವರು ತೊಳೆದುಕೊಂಡು ಹೋಗಬೇಕು! ಇರಲಿ.

ಆಗ ನಮ್ಮ ಮನೆಯಲ್ಲಿ ಎಲ್ಲರ ಜೀವ ಒಂದೇ ಮಾತಿನ ಮೇಲೆ ನೇತಾಡುತ್ತಿತ್ತು. ಅಕ್ಕ ಏಳನೆಯ ಇಯತ್ತೆ ಪಾಸಾಗಿದ್ದಳು. ನಮ್ಮ ಓಣಿಯಲ್ಲಿ ಅಲ್ಲಿಯವರೆಗೆ ಹೋದ ಹುಡುಗಿ ಅವಳೊಬ್ಬಳೇ. ಮುಂದೆ ಓದಿ ಶಾಲೆಯಲ್ಲಿ ಪಾಠ ಹೇಳುವ ಬಾಯಿಯಾಗಬೇಕು ಎಂದರೆ ಬೇರೆ ಊರಿನ ಮಿಷನ್ ಬೋರ್ಡಿಂಗಿಗೆ ಹೋಗಬೇಕು. ನಮ್ಮ ಚರ್ಚಿನಿಂದ ವರ್ಷಕ್ಕೆ ಒಬ್ಬಳು ಹುಡುಗಿಗೆ ಅಲ್ಲಿ ಊಟ, ವಸತಿ, ಓದು ಎಲ್ಲ ಪುಕ್ಕಟೆ. ಅದಕ್ಕೆ ಬಿಷಪ್ಪರ ಚೀಟಿ ಬೇಕು. ಚೀಟಿ ಬೇಕೆಂದರೆ ಅರ್ಜಿ ಪಾದ್ರಿಗಳ ಕೈಯಿಂದ ಹೋಗಬೇಕು. ಅಪ್ಪ ಎರಡು ಸಲ ಅರ್ಜಿ ಕೊಟ್ಟ, ಎರಡು ಸಲವೂ "ನೋಡೂಣು" ಎಂದರು. ಕಂಪೌಂಡರ ಮಗಳೂ ಅದೇ ವರ್ಷ ಪಾಸಾಗಿದ್ದಳು ಎಂಬುದು ಊರಿಗೆಲ್ಲ ಗೊತ್ತಿತ್ತು. "ದೇವರು ವರಾ ಕೊಟ್ಟರೂ ಪೂಜಾರಿ ಕೊಡಾಂಗಿಲ್ಲ" ಎಂದು ಅವ್ವ ಒಲೆಯ ಮುಂದೆ ಕೂತು ಗೊಣಗುತ್ತಿದ್ದಳು. ಈ ಸಲ ಸೀಟು ಸಿಗದಿದ್ದರೆ ಲಿಂಗನೂರಿನ ಒಂದು ಮನೆಯವರು ಅಕ್ಕನನ್ನು ಕೇಳಿಕೊಂಡು ಬರುವವರಿದ್ದರು. ಅಕ್ಕನಿಗೆ ಆಗ ಹದಿನಾಲ್ಕು.

ಕಾಲು ತೊಳೆಸಿಕೊಳ್ಳುವವರಲ್ಲಿ ಅಪ್ಪ ಇದ್ದಾನೆ ಎಂದು ಕೇಳಿದೊಡನೆ ಅವ್ವನ ತಲೆ ಓಡಿತು. "ಸಾಹೇಬರು ನಿಮ್ಮ ಕಾಲಮುಂದ ಕುಂದ್ರತಾರ. ಅವರ ಕಿವಿ ಒಂದ ಮೊಳ ದೂರ ಇರತೈತಿ. ಆವಾಗ ಪಾದ್ರಿನೂ ನಡಬರಕ ಬರಾಂಗಿಲ್ಲ, ಜವಾನನೂ ಬರಾಂಗಿಲ್ಲ. ಒಂದ ಮಾತ, ಒಂದಽ ಮಾತ ಕೇಳಿಬಿಡ್ರಿ" ಎಂದಳು. ಅಕ್ಕ ಆ ಒಂದು ಮಾತನ್ನು ಮರಾಠಿಯಲ್ಲಿ ಕಟ್ಟಿಕೊಟ್ಟಳು: "ಸಾಹೇಬ, ಮಾಝ್ಯಾ ಮುಲೀಲಾ ಬೋರ್ಡಿಂಗಾತ ಜಾಗಾ ದ್ಯಾ." ಸಾಹೇಬರೇ, ನನ್ನ ಮಗಳಿಗೆ ಬೋರ್ಡಿಂಗಿನಲ್ಲಿ ಜಾಗ ಕೊಡಿ. ಅಪ್ಪ ಸಾಂಗ್ಲಿಗೆ ಹೋಗುತ್ತ ಬರುತ್ತ ದಾರಿಯುದ್ದಕ್ಕೂ ಇದನ್ನೇ ಬಾಯಿಪಾಠ ಮಾಡಿದ. ಊಟಕ್ಕೆ ಕೂತರೂ ತುಟಿ ಅಲ್ಲಾಡುತ್ತಿತ್ತು.

ಆ ಗುರುವಾರ ಬೆಳಗ್ಗೆ ನಮ್ಮ ಮನೆಯ ಮುಂದೆ ಒಂದು ಸಣ್ಣ ಜಾತ್ರೆಯೇ ನೆರೆಯಿತು ಎನ್ನಿ. ಅಪ್ಪನನ್ನು ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕೂರಿಸಿದೆವು. ಎಡಗಾಲು ನನ್ನದು, ಬಲಗಾಲು ಅಕ್ಕನದು. ಅವ್ವ ಹಂಡೆಯಿಂದ ಬಿಸಿನೀರು ತಂದು ಸುರಿದಳು. ಮೊದಲು ಬೂದಿ, ಆಮೇಲೆ ಹುಣಸೆಹಣ್ಣು, ಆಮೇಲೆ ಇಟ್ಟಂಗಿಯ ಚೂರು. ಪಕ್ಕದ ಮನೆಯ ಮಾವಶಿ ಬಂದು ಚಿಮಣಿ ಎಣ್ಣೆ ಹಚ್ಚಿ ನೋಡಲು ಹೇಳಿದಳು, ಅದೂ ಆಯಿತು. ಹುಳಿ ವಾಸನೆ, ಎಣ್ಣೆ ವಾಸನೆ, ಬಿಸಿನೀರು ಬಿದ್ದ ಮಣ್ಣಿನ ವಾಸನೆ, ಎಲ್ಲದರ ಮೇಲೆ ಅಪ್ಪನ ಕಾಲಿನ ಆ ಅರಿಸಿನದ ಘಾಟು. ನಾನು ಹಟ ಹಿಡಿದು ತಿಕ್ಕಿದೆ. ಅಂಗಾಲಿಗೆ ಕಚಗುಳಿಯಾಗಿ ಅಪ್ಪ ಬಿದ್ದು ಬಿದ್ದು ನಕ್ಕ. ಹಿಮ್ಮಡಿಯ ಒಂದು ಬಿರುಕಿನಿಂದ ರಕ್ತ ಬಂದರೂ ಹಳದಿ ಮಾತ್ರ ಹೋಗಲಿಲ್ಲ. "ಬಿಡ್ರೋ, ಸಾಹೇಬರು ತೊಳ್ಯಾಕ ಏನರ ಉಳೀಲಿ!" ಎಂದ ಅಪ್ಪ. ಅಷ್ಟು ನಗುವ ಅಪ್ಪನನ್ನು ನಾನು ಆಮೇಲೆ ನೋಡಲಿಲ್ಲ.

ಸಾಹೇಬರು ಸಂಜೆಯ ಗಾಡಿಗೆ ಹೊರಡಬೇಕಿದ್ದರಿಂದ ಚರ್ಚಿನ ಕಾರ್ಯಕ್ರಮವನ್ನು ಮಧ್ಯಾಹ್ನಕ್ಕೆ ಇಟ್ಟಿದ್ದರು. ಅಪ್ಪ ಮದುವೆಯ ಧೋತರ ಉಟ್ಟು, ಯಾರದೋ ಚಪ್ಪಲಿ ಮೆಟ್ಟಿ, ಮುಳ್ಳಿನ ಮೇಲೆ ನಡೆಯುವವನ ಹಾಗೆ ಮೆಲ್ಲಗೆ ಒಂದೊಂದೇ ಕಾಲು ಎತ್ತಿ ಇಟ್ಟು ನಡೆದ. ನಾನು ಮುಂದೆ ಓಡಿ ದಾರಿಯ ಸಗಣಿ, ಕಲ್ಲು ಸರಿಸುತ್ತಿದ್ದೆ. ಅಕ್ಕನ ಸರ್ಟಿಫಿಕೇಟು ಅಪ್ಪನ ಅಂಗಿಯ ಕಿಸೆಯಲ್ಲಿತ್ತು. ಅದು ಮಡಿಕೆಯಾಗಬಾರದೆಂದು ಅಕ್ಕ ಅದನ್ನು ಸುರುಳಿ ಮಾಡಿ, ತನ್ನ ಜಡೆಯ ಕೆಂಪು ರಿಬ್ಬನ್ನು ಬಿಚ್ಚಿ ಕಟ್ಟಿಕೊಟ್ಟಿದ್ದಳು.

ಚರ್ಚಿನಲ್ಲಿ ಕಾಲಿಡಲು ಜಾಗವಿರಲಿಲ್ಲ. ಚೈತ್ರದ ಬಿಸಿಲಿಗೆ ತಗಡಿನ ಮಾಡು ಕಾದಿತ್ತು. ಮೇಣದ ವಾಸನೆಯೂ ಬೆವರಿನ ವಾಸನೆಯೂ ಕಲೆತು ಉಸಿರು ಕಟ್ಟುವ ಹಾಗಿತ್ತು. ಮುಂದಿನ ಉದ್ದ ಬೆಂಚಿನ ಮೇಲೆ ಹನ್ನೆರಡು ಜನ ಬರಿಗಾಲಲ್ಲಿ ಕೂತಿದ್ದರು. ಸಾಹೇಬರು ಬರುವ ಮುಂಚೆ ಪಾದ್ರಿಗಳು ಬಂದು ಒಬ್ಬೊಬ್ಬರ ಕಾಲನ್ನೂ ಬಗ್ಗಿ ನೋಡಿದರು. ಅಪ್ಪನ ಮುಂದೆ ನಿಂತರು. "ಇದೇನಿದು?" ಎಂದರು. "ಅರಿಷಿಣರೀ. ಹೋಗಾಂಗಿಲ್ಲರೀ" ಎಂದ ಅಪ್ಪ. ಅವನನ್ನು ಎಬ್ಬಿಸಿ ಬೆಂಚಿನ ಕೊನೆಗೆ ಕೂರಿಸಿದರು. ಅದು ಒಳ್ಳೆಯದೇ ಆಯಿತು ಎಂದುಕೊಂಡೆ, ಯಾಕೆಂದರೆ ಮಕ್ಕಳನ್ನು ನೆಲದ ಮೇಲೆ ಕೂರಿಸಿದ್ದು ಅದೇ ಕೊನೆಯಲ್ಲಿ. ಅಪ್ಪನ ಹೆಬ್ಬೆರಳು ನನಗೆ ಕೈಗೆಟಕುವಷ್ಟು ಹತ್ತಿರವಿತ್ತು.

ಸಾಹೇಬರು ಬಂದರು. ಮೇಲಿನ ಜರತಾರಿ ನಿಲುವಂಗಿಯನ್ನು ತೆಗೆದಿಟ್ಟು, ಸೊಂಟಕ್ಕೆ ಒಂದು ಬಿಳಿ ಟವೆಲ್ಲು ಕಟ್ಟಿಕೊಂಡು ಮೊಣಕಾಲೂರಿದರು. ಮುದುಕರಾಗಿದ್ದರು, ಪ್ರತಿ ಸಲ ಏಳುವಾಗ ಬೆಂಚನ್ನು ಹಿಡಿದು ಏಳುತ್ತಿದ್ದರು. ನೀರು ಸುರಿದು, ಕೈಯಿಂದ ತಿಕ್ಕಿ, ಟವೆಲ್ಲಿನಿಂದ ಒರೆಸಿ, ಮುಂದಿನವರ ಬಳಿ ಸರಿಯುತ್ತಿದ್ದರು. ಸ್ಟುಡಿಯೋದಿಂದ ಕರೆಸಿದ ಫೋಟೋದವನು ಕ್ಯಾಮೆರಾ ನಿಲ್ಲಿಸಿಕೊಂಡು ಅವರ ಜೊತೆ ಜೊತೆಗೇ ಸರಿಯುತ್ತಿದ್ದ. ಹನ್ನೊಂದು ಜನರಾದರು.

ಅಪ್ಪನ ಕಾಲಿಗೆ ನೀರು ಬಿದ್ದಾಗ ಬೋಗುಣಿಯ ನೀರು ಹಳದಿಯಾಯಿತು. ಬೆಳಗಿನಿಂದ ಅಷ್ಟು ತಿಕ್ಕಿದ್ದೆವಲ್ಲ, ಎಲ್ಲಿ ಅಡಗಿತ್ತೋ! ಸಾಹೇಬರು ಆ ನೀರನ್ನು ನೋಡಿದರು, ಹಿಮ್ಮಡಿಯ ಬಿರುಕುಗಳನ್ನು ನೋಡಿದರು. ರಕ್ತ ಬಂದಿದ್ದ ಬಿರುಕನ್ನು ಹೆಬ್ಬೆರಳಿನಿಂದ ಮೆಲ್ಲಗೆ ಸವರಿದರು. ಉಳಿದವರ ಕಾಲಿಗೆ ಅವರು ಅಷ್ಟು ಹೊತ್ತು ತೆಗೆದುಕೊಂಡಿರಲಿಲ್ಲ. ಟವೆಲ್ಲಿನಿಂದ ಒರೆಸಿದರು, ಟವೆಲ್ಲೂ ಹಳದಿಯಾಯಿತು. ಅಪ್ಪನ ತುಟಿ ಅಲ್ಲಾಡುತ್ತಿತ್ತು. ಸಾಹೇಬ, ಮಾಝ್ಯಾ ಮುಲೀಲಾ... ನಾನೂ ನನ್ನೊಳಗೆ ಅದನ್ನೇ ಹೇಳುತ್ತಿದ್ದೆ. ಹೆಂಗಸರ ಕಡೆಯಿಂದ ಅಕ್ಕ ಕತ್ತು ಉದ್ದ ಮಾಡಿ ನೋಡುತ್ತಿದ್ದಳು. ಆಗ ಸಾಹೇಬರಿಗೆ ಏನನ್ನಿಸಿತೋ ಏನೋ, ಅಪ್ಪನ ಎರಡೂ ಪಾದಗಳನ್ನು ಅಂಗೈಯಲ್ಲಿ ಹಿಡಿದು, ತಲೆ ಬಗ್ಗಿಸಿ, ಹಣೆಯನ್ನು ಆ ಪಾದಗಳಿಗೆ ತಾಗಿಸಿದರು.

ಮಕ್ಕಳೇ, ನಮ್ಮ ಜನರಲ್ಲಿ ಕಿರಿಯರು ಬಂದು ಕಾಲು ಮುಟ್ಟಿದರೆ ಹಿರಿಯರ ಕೈ ತಾನೇ ಹೋಗಿ ಅವರ ತಲೆಯ ಮೇಲೆ ಕೂರುತ್ತದೆ. ಯೋಚನೆ ಮಾಡಿ ಇಡುವ ಕೈಯಲ್ಲ ಅದು. ಅಪ್ಪ ಆರು ಜನ ತಮ್ಮ ತಂಗಿಯರಿಗೆ ಅಣ್ಣ. ಹಬ್ಬ ಬಂದರೆ ತಮ್ಮಂದಿರು, ಅವರ ಹೆಂಡಂದಿರು, ಓಣಿಯ ಹುಡುಗರು ಸಾಲಾಗಿ ಬಂದು ಅವನ ಕಾಲು ಮುಟ್ಟುತ್ತಿದ್ದರು. ಆ ಅಭ್ಯಾಸದ ಕೈ ಎದ್ದಿತು. ಎದ್ದು, ನಲವತ್ತು ವರ್ಷ ಸಾವಿರಾರು ತಲೆಗಳ ಮೇಲೆ ಕೈಯಿಟ್ಟು ಹರಸಿದ ಬಿಷಪ್ ಸಾಹೇಬರ ಬಿಳಿ ಕೂದಲಿನ ಮೇಲೆ ಕೂತಿತು. ಅಪ್ಪನ ಬಾಯಿಂದ ಕನ್ನಡ ಬಂತು: "ಸುಖವಾಗಿರಪಾ. ನೂರ ವರ್ಷ ಬಾಳು."

ಫೋಟೋದವನ ಬಲ್ಬು ಫಳ್ ಎಂದು ಹೊಳೆಯಿತು. ಸಾಹೇಬರು ಅಲ್ಲಾಡಲಿಲ್ಲ. ಕಣ್ಣು ಮುಚ್ಚಿ, ನನಗೂ ಅಪ್ಪನಿಗೂ ಮಾತ್ರ ಕೇಳುವಷ್ಟು ಸಣ್ಣಗೆ, "ಆಮೆನ್" ಎಂದರು. ಇದು ನನ್ನ ಕಿವಿಯಿಂದ ಕೇಳಿದ್ದು, ಸುಳ್ಳಲ್ಲ. ಅಷ್ಟರಲ್ಲಿ ಹಿಂದೆ ಯಾರೋ ಕಿಸಕ್ಕೆಂದರು. ಕೂಲಿಯವನೊಬ್ಬ ತನ್ನ ತಂದೆಯ ವಯಸ್ಸಿನ ಬಿಷಪ್ಪರಿಗೆ, ಅದೂ ಏಕವಚನದಲ್ಲಿ, ಚಿಕ್ಕ ಹುಡುಗನಿಗೆ ಹೇಳಿದ ಹಾಗೆ ಬಾಳು ಎಂದನಲ್ಲ! ನಗು ಬೆಂಚಿನಿಂದ ಬೆಂಚಿಗೆ ಹಬ್ಬಿತು. ನನ್ನ ಸುತ್ತಲಿನ ಹುಡುಗರು ಹೊಟ್ಟೆ ಹಿಡಿದುಕೊಂಡು ನಕ್ಕರು.

ನಾನೂ ನಕ್ಕೆ. ಎಲ್ಲರೂ ನಗುವಾಗ ನಾನೊಬ್ಬ ಸುಮ್ಮನಿದ್ದರೆ ಆ ಹಳದಿ ಕಾಲಿನವನ ಮಗ ಇವನೇ ಎಂದು ಗೊತ್ತಾಗುತ್ತದಲ್ಲ ಎಂದು, ಉಳಿದವರಿಗಿಂತ ಜೋರಾಗಿ ನಕ್ಕೆ.

ಪಾದ್ರಿಗಳು ಓಡಿ ಬಂದರು. "ಹಾತ ಕಾಢ!" ಎಂದು ಹಲ್ಲು ಕಡಿದು, ಅಪ್ಪನ ಮಣಿಕಟ್ಟು ಹಿಡಿದು ಕೈಯನ್ನು ಕಿತ್ತು ತೆಗೆದರು. "ಯಾರ ತಲಿಮ್ಯಾಲೆ ಕೈ ಇಡಾಕತ್ತೀ? ಖಬರ ಐತೇನ ನಿನಗ?" ಎಂದು ಅಪ್ಪನಿಗೆ ನಾಟಲೆಂದು ಕನ್ನಡದಲ್ಲೂ ಗದರಿದರು. ಅಪ್ಪ ತನ್ನ ಕೈಯನ್ನೇ ನೋಡಿಕೊಂಡ. ಆಮೇಲೆ ನಗು ಎಲ್ಲಿಂದ ಬರುತ್ತಿದೆ ಎಂದು ತಿರುಗಿ ನೋಡಿದ. ಕಣ್ಣೆದುರಿಗೇ ನಾನಿದ್ದೆ, ಬಾಯಿ ತೆರೆದುಕೊಂಡು. ಅಪ್ಪನ ಆ ಹೊತ್ತಿನ ಮುಖದ ಬಗ್ಗೆ ಆಮೇಲೆ ಹೇಳುತ್ತೇನೆ.

ಸಾಹೇಬರು ಬೆಂಚು ಹಿಡಿದು ಎದ್ದರು. ಟವೆಲ್ಲಿಗೆ ಕೈ ಒರೆಸಿಕೊಂಡರು. ನಿಲುವಂಗಿ ತೊಟ್ಟು ಪೀಠದ ಕಡೆ ನಡೆದರು, ತಿರುಗಿ ನೋಡಲಿಲ್ಲ. ಆಗ ಅವರು ಒಂದು ಮಾತು ಆಡಬಹುದಿತ್ತು. ಆ ಗ್ರಂಥದ ಮರಾಠಿಯಲ್ಲಾದರೂ ಸರಿ, ಈ ಮನುಷ್ಯ ತಪ್ಪು ಮಾಡಿಲ್ಲ ಎಂದು ಎಲ್ಲರಿಗೂ ಕೇಳುವ ಹಾಗೆ ಹೇಳಬಹುದಿತ್ತು. ಆಮೆನ್ ಎಂದು ಸಣ್ಣಗೆ ಹೇಳಿದವರಿಗೆ ಇದನ್ನು ದೊಡ್ಡದಾಗಿ ಹೇಳಲು ಏನು ಅಡ್ಡ ಬಂತು? ಅವರ ಮುಂದೆ ಸಭೆ ಇತ್ತು, ಗಾಡಿಯ ಹೊತ್ತು ಇತ್ತು, ಪಾದ್ರಿಗಳ ಮರ್ಯಾದೆ ಇತ್ತು. ಅಪ್ಪ ಎಲ್ಲಿದ್ದ?

ಹೊರಗೆ ಬೇವಿನ ಮರದ ಕೆಳಗೆ ಅವ್ವ ಮೊದಲು ಕೇಳಿದ್ದೇ ಅದನ್ನು: "ಕೇಳಿದಿರಿ?" ಅಪ್ಪ ತಲೆಯಲ್ಲಾಡಿಸಿದ. "ಹೆಂಗ ಕೇಳಲಿ? ಅವರು ನನ್ನ ಕಾಲ ಹಿಡದಿದ್ದರು. ಕಾಲ ಹಿಡದವರ ಕಡೆ ಬೇಡತಾರೇನ? ಕೊಡತಾರ. ನನ್ನ ಕಡೆ ಕೊಡಾಕ ಏನಿತ್ತು? ಅದೊಂದ ಇತ್ತು, ಕೊಟ್ಟೆ." ಅವ್ವ ತಲೆಗೆ ಕೈ ಹಚ್ಚಿ ಅಲ್ಲೇ ಕೂತಳು. "ಮಗಳ ಬಾಳೇವು ಮುಳಗಾಕತ್ತೇತಿ, ಇವರು ಆಶೀರ್ವಾದ ಮಾಡ್ಯಾರಂತ ಆಶೀರ್ವಾದ! ಊರಿಗೆ ಉಪಕಾರಿ, ಮನಿಗೆ ಮಾರಿ!" ಎಂದು ಎಲ್ಲರೆದುರಿಗೇ ಬೈದಳು. ಅಕ್ಕ ಮುಂದೆ ಬಂದು ಅಪ್ಪನ ಕಿಸೆಯಿಂದ ಸುರುಳಿಯನ್ನು ತೆಗೆದುಕೊಂಡಳು. "ಟೇಶನ್ನಿಗೆ ಹೋಗೂಣು ಬಾ ಅಪ್ಪಾ. ನಾನಽ ಕೇಳತೀನಿ" ಎಂದಳು. ಅಕ್ಕ ಅಷ್ಟು ಗಟ್ಟಿಯಾಗಿ ಮಾತಾಡಿದ್ದನ್ನು ನಾನು ಆವತ್ತೇ ಕೇಳಿದ್ದು.

ಸಂಜೆ ಮಿರಜ್ ಜಂಕ್ಷನ್ನಿನಲ್ಲಿ ಜನವೋ ಜನ. ಸುತ್ತಲಿನ ಹಳ್ಳಿಗಳಿಂದ ಬಂದವರು, ಪೇಟೆಯ ವ್ಯಾಪಾರಿಗಳು, ಶಾಲೆಯ ಮಕ್ಕಳು. ಸಾಹೇಬರ ಕೊರಳಲ್ಲಿ ಹಾರಗಳು ಕಿವಿಯವರೆಗೆ ಏರಿದ್ದವು. ಒಂದೊಂದು ಊರಿನವರೂ ಒಂದೊಂದು ಮಾನಪತ್ರ ತಂದಿದ್ದರು. ಮಾನಪತ್ರವೆಂದರೆ ಹೋಗುವವರನ್ನು ಹೊಗಳಿ ಬರೆದ ಕಾಗದ, ಸುರುಳಿ ಸುತ್ತಿ ಬಣ್ಣದ ರಿಬ್ಬನ್ನು ಕಟ್ಟಿ ಕೊಡುವುದು ಪದ್ಧತಿ. ಸಾಹೇಬರು ರೈಲಿನ ಡಬ್ಬಿಯ ಕಿಟಕಿಯ ಬಳಿ ಕೂತು ಒಂದೊಂದನ್ನೂ ತೆಗೆದುಕೊಂಡು, ಹಣೆಗೆ ಮುಟ್ಟಿಸಿ, ಪಕ್ಕದ ಸೀಟಿನ ಮೇಲೆ ಇಡುತ್ತಿದ್ದರು. ಕಿಟಕಿಯ ಕೆಳಗೆ ಪಾದ್ರಿಗಳು ಕಾವಲು ನಿಂತಿದ್ದರು. ನಮ್ಮನ್ನು ಕಂಡದ್ದೇ ಮುಖ ಗಂಟಿಕ್ಕಿದರು. "ಬಾಜೂಲಾ ಹೋ, ಬಾಜೂಲಾ!" ಎಂದು ಅಪ್ಪನನ್ನು ಎದೆಗೆ ಕೈ ಹಚ್ಚಿ ಹಿಂದೆ ಸರಿಸಿದರು. ಅಪ್ಪ ಸರಿದ. ಅಕ್ಕ ಸರಿಯಲಿಲ್ಲ. ಬಗ್ಗಿ, ಅವರ ತೋಳಿನ ಕೆಳಗಿನಿಂದ ನುಸುಳಿ ಕಿಟಕಿಯ ಹತ್ತಿರ ಹೋಗಿಬಿಟ್ಟಳು.

ಅವಳು ಸುರುಳಿಯನ್ನು ಮೇಲೆ ಚಾಚಿದಳು. "ಸಾಹೇಬ, ಮಲಾ ಬೋರ್ಡಿಂಗಾತ..." ಎಂದು ಶುರು ಮಾಡಿದಳು. ಅದೇ ಹೊತ್ತಿಗೆ ಎಂಜಿನ್ನು ಕೂಗಿತು, ಜನರೆಲ್ಲ ಬೀಳ್ಕೊಡುವ ಹಾಡನ್ನು ಎತ್ತಿಕೊಂಡರು. ಅಕ್ಕನ ಬಾಯಿ ಅಲ್ಲಾಡುವುದು ಕಾಣುತ್ತಿತ್ತು, ಮಾತು ನನಗೇ ಕೇಳಲಿಲ್ಲ, ಸಾಹೇಬರಿಗೆ ಎಲ್ಲಿ ಕೇಳಬೇಕು? ಅವರು ಕಿಟಕಿಯಿಂದ ಕೈ ಚಾಚಿ ಅದನ್ನು ತೆಗೆದುಕೊಂಡರು. ಕಣ್ಣಲ್ಲಿ ನೀರಿತ್ತು ಅವರಿಗೆ. ಅಕ್ಕನನ್ನು ನೋಡಿ ನಕ್ಕು, ಅವಳ ಏಳನೆಯ ಇಯತ್ತೆಯ ಸರ್ಟಿಫಿಕೇಟನ್ನು ಹಣೆಗೆ ಮುಟ್ಟಿಸಿ, ಉಳಿದ ಮಾನಪತ್ರಗಳ ರಾಶಿಯ ಮೇಲೆ ಇಟ್ಟುಕೊಂಡರು. ಗಾಡಿ ಹೊರಟಿತು.

ಅಕ್ಕ ಪ್ಲ್ಯಾಟ್‌ಫಾರ್ಮಿನ ಕೊನೆಯವರೆಗೆ ಓಡಿದಳು. ಬರಿಗೈಯಲ್ಲಿ ತಿರುಗಿ ಬಂದಳು. ಒಂದು ಜಡೆ ರಿಬ್ಬನ್ನಿಲ್ಲದೆ ಬಿಚ್ಚಿಹೋಗಿತ್ತು. "ಒಯ್ದರು" ಎಂದಳು ಅಷ್ಟೇ. ಅಪ್ಪ, "ಓದತಾರ ಬಿಡು. ಬಿಚ್ಚಿ ನೋಡಿದ ಮ್ಯಾಲೆ ಬರೀತಾರ. ದೊಡ್ಡ ಮನಸಿನವರು" ಎಂದ.

ಅವರು ಬರೆಯಲಿಲ್ಲ. ಟಪಾಲಿನವನು ಓಣಿಗೆ ಬಂದಾಗಲೆಲ್ಲ ಅಕ್ಕ ಬಾಗಿಲಿಗೆ ಬರುತ್ತಿದ್ದಳು. ಆ ಸುರುಳಿಗಳೆಲ್ಲ ಬಿಚ್ಚದೆಯೇ ಪೆಟ್ಟಿಗೆ ಸೇರಿ, ಹಡಗು ಹತ್ತಿ ಹೋಗಿರಬೇಕು. ಶಾಲೆಗೆ ಹೋಗಿ ಇನ್ನೊಂದು ಸರ್ಟಿಫಿಕೇಟು ಕೇಳಿದರೆ, ಕಳೆದದ್ದಕ್ಕೆ ದಾಖಲೆ ತನ್ನಿ, ಸಹಿ ತನ್ನಿ, ಮುಂದಿನ ತಿಂಗಳು ಬನ್ನಿ ಎಂದರು. ಬಿಷಪ್ಪರು ಒಯ್ದರೆಂದು ಹೇಳಿದರೆ ಅಲ್ಲಿಯೂ ನಕ್ಕರು. ಜೂನ್ ಬಂತು, ಕಂಪೌಂಡರ ಮಗಳು ಟ್ರಂಕು ಹೊರಿಸಿಕೊಂಡು ಬೋರ್ಡಿಂಗಿಗೆ ಹೋದಳು. ಚಳಿಗಾಲದಲ್ಲಿ ಅಕ್ಕ ಲಿಂಗನೂರಿಗೆ ಸೊಸೆಯಾಗಿ ಹೋದಳು. ಮದುವೆಯ ಹಿಂದಿನ ದಿನ ಅಕ್ಕನಿಗೆ ಅರಿಸಿನ ಹಚ್ಚಲು ಅಪ್ಪನನ್ನು ಕರೆದರೆ, "ಅರಿಷಿಣದ ಋಣ ನನ್ನ ಕಾಲಿಗಿ ಇರಲಿ, ಆಕಿ ಮಾರಿಗಿ ಬ್ಯಾಡ" ಎಂದು ಎದ್ದು ಹೊರಗೆ ಹೋದ.

ಪಾದ್ರಿಗಳು ಅಪ್ಪನಿಗೆ ಸಭೆಯ ಮುಂದೆ ನಿಂತು ಕ್ಷಮೆ ಕೇಳಲು ಹೇಳಿದ್ದರು. ಎಲ್ಲದಕ್ಕೂ ಹೂಂ ಎನ್ನುವ ಅಪ್ಪ ಅದೊಂದಕ್ಕೆ ಒಪ್ಪಲಿಲ್ಲ. "ಚಲೋ ಆಗ್ಲಿ ಅಂದದ್ದಕ್ಕ ಮಾಪಿ ಕೇಳಂತ ಯಾವ ದೇವರೂ ಹೇಳಾಂಗಿಲ್ಲರೀ" ಎಂದ. ಆಮೇಲೆ ಅವನು ಚರ್ಚಿನ ಒಳಗೆ ಕಾಲಿಡಲಿಲ್ಲ. ಭಾನುವಾರ ನಮ್ಮನ್ನೆಲ್ಲ ಒಳಗೆ ಕಳಿಸಿ ತಾನು ಬೇವಿನ ಮರದ ಕೆಳಗೆ ಕೂತಿರುತ್ತಿದ್ದ. ಅದೇ ವರ್ಷ ಆ ಫೋಟೋ ಕಟ್ಟು ಹಾಕಿಸಿಕೊಂಡು ಒಳಗಿನ ಗೋಡೆಗೆ ಬಂತು. ಬಿಷಪ್ಪರ ತಲೆಗಿಂತ ಮೇಲಿನದನ್ನೆಲ್ಲ ಕತ್ತರಿಸಿಬಿಟ್ಟಿದ್ದರು. ಅಪ್ಪ ಅದನ್ನು ಒಮ್ಮೆಯೂ ನೋಡಲಿಲ್ಲ. ನಾನು ಹದಿನಾರರವನಿದ್ದಾಗ ಅವನು ಅರಿಸಿನದ ಚೀಲದ ಪಕ್ಕದಲ್ಲೇ ಎದೆ ಹಿಡಿದುಕೊಂಡು ಕೂತವನು ಏಳಲಿಲ್ಲ. ನಾನು ನಕ್ಕದ್ದಕ್ಕೆ ಅಪ್ಪ ಒಂದು ದಿನವೂ ನನ್ನನ್ನು ಕೇಳಲಿಲ್ಲ, ನಾನೂ ಹೇಳಲಿಲ್ಲ. ಹೇಳಿದರಾಯಿತು, ಹೇಳಿದರಾಯಿತು ಎಂದು ಎಂಟು ವರ್ಷ ಕಳೆದಿದ್ದೆ.

ಅಕ್ಕನನ್ನು ನೀವು ನೋಡಿದ್ದೀರಿ. ಲಿಂಗನೂರಿನ ಅಜ್ಜಿ ಎಂದು ಕರೆಯುತ್ತಿದ್ದಿರಲ್ಲ, ಭಜಿ ಕಟ್ಟಿ ತಂದ ಎಣ್ಣೆ ಕಾಗದವನ್ನೂ ಬಿಡಿಸಿ ಓದುತ್ತಿದ್ದವಳು, ಅವಳೇ. ನೀವು ನಗುತ್ತಿದ್ದಿರಿ. ಅವಳು ತೀರಿಕೊಂಡು ಮೂರು ವರ್ಷವಾಯಿತು. ಅವಳ ಸರ್ಟಿಫಿಕೇಟು ಕಡಲಾಚೆಯ ಯಾವುದೋ ಮನೆಯ ಅಟ್ಟದ ಮೇಲೆ ಈಗಲೂ ಕೆಂಪು ರಿಬ್ಬನ್ನಿನಲ್ಲಿ ಕಟ್ಟಿಕೊಂಡು ಬಿದ್ದಿದ್ದರೂ ಇದ್ದೀತು.

ಈ ವರ್ಷ ನನ್ನ ಮೊಮ್ಮಗಳು ಸಾಂಗ್ಲಿಯ ಕಾಲೇಜಿಗೆ ಸೇರಿದಳು. ಮನೆಯ ಕಟ್ಟೆಯ ಮೇಲೆ ಕೂತು, ಶೇಂಗಾ ತಿನ್ನುತ್ತ, ಮೊಬೈಲಿನಲ್ಲೇ ಫಾರ್ಮು ತುಂಬಿದಳು. ಸರ್ಟಿಫಿಕೇಟಿನ ಫೋಟೋ ಹೊಡೆದು ಕಳಿಸಿದಳು, ಕಾಗದ ಮನೆಯಲ್ಲೇ ಉಳಿಯಿತು. ಯಾರ ಕಾಲನ್ನೂ ಹಿಡಿಯಲಿಲ್ಲ, ಯಾರ ತೋಳಿನ ಕೆಳಗೂ ನುಸುಳಲಿಲ್ಲ. ನೋಡುತ್ತ ಕೂತಿದ್ದ ನನಗೆ ಸಂತೋಷವಾಗಬೇಕಿತ್ತು. ಆಯಿತು, ಇಲ್ಲವೆನ್ನುವುದಿಲ್ಲ, ಆದರೆ ಅದರ ಹಿಂದೆಯೇ ಹೊಟ್ಟೆ ಉರಿಯಿತು. ಇಷ್ಟು ಹಗುರವಾದದ್ದಕ್ಕೆ ನಮ್ಮ ಮನೆಯವರು ಅಷ್ಟು ಭಾರ ಹೊತ್ತರೇ ಎಂದು.

ಹೋದ ಭಾನುವಾರ ಅವಳು ಗೋಡೆಯ ಆ ಫೋಟೋವನ್ನೂ ಮೊಬೈಲಿನಲ್ಲಿ ಹಿಡಿದುಕೊಂಡಳು. ಈಗಿನ ಪಾದ್ರಿ ಎಳೆಯವರು, ಒಳ್ಳೆಯ ಹುಡುಗ. ಬಿಷಪ್ಪರ ಕೂದಲಿನ ಮೇಲೆ, ಕಟ್ಟಿನ ಅಂಚಿನಲ್ಲಿ ಎರಡು ಕಪ್ಪು ಗುರುತುಗಳಿವೆ. "ಕಾಕಾ, ತೋ ಡಾಗ ಆಹೆ. ಹಳೆಯ ಫೋಟೋ, ಕಲೆ ಬಿದ್ದಿದೆ, ಕಂಪ್ಯೂಟರಿನಲ್ಲಿ ಅಳಿಸಿ ಹೊಸದು ಹಾಕಿಸುತ್ತೇವೆ" ಎಂದರು. ಮನೆಗೆ ಬಂದ ಮೇಲೆ ನಾನು ಮೊಮ್ಮಗಳಿಗೆ ಇಷ್ಟನ್ನೂ ಹೇಳಿ, ಆ ಕಲೆಯನ್ನು ದೊಡ್ಡದು ಮಾಡಿ ನೋಡು ಎಂದೆ. ಅವಳು ಎರಡು ಬೆರಳು ಇಟ್ಟು ಗಾಜಿನ ಮೇಲೆ ಅಗಲಿಸಿದಳು. ಬಿಳಿ ಕೂದಲು ದೊಡ್ಡದಾಯಿತು. ಅದರ ಮೇಲೆ ಎರಡು ಬೆರಳ ತುದಿಗಳು, ಒಡೆದ ಉಗುರಿನ ಸಮೇತ. "ಅಜ್ಜಾ, ಡಾಗ ನಾಹೀ. ಬೋಟಂ ಆಹೇತ" ಎಂದಳು. ಕಲೆಯಲ್ಲ ಅಜ್ಜಾ, ಬೆರಳು.

ನಿಮ್ಮ ಮೊಬೈಲುಗಳಲ್ಲಿ ನಿಮ್ಮ ಮುಖ ಎಷ್ಟು ಸಾವಿರ ಇವೆಯೋ ನಿಮಗೇ ಗೊತ್ತಿಲ್ಲ. ನಮ್ಮ ಅಪ್ಪನದು ಈ ಲೋಕದಲ್ಲಿ ಉಳಿದದ್ದು ಎರಡು ಕಾಲು, ಎರಡು ಬೆರಳ ತುದಿ. ಮುಖವಿರುವ ಫೋಟೋ ಒಂದೂ ಇಲ್ಲ. ಮೊಮ್ಮಗಳು, ಮುತ್ತಜ್ಜನ ಮುಖ ಹೇಗಿತ್ತು ಎಂದು ಕೇಳಿದಳು. ನಾನು ನೆನಪಿಲ್ಲ ಎಂದೆ.

ಸುಳ್ಳು ಹೇಳಿದೆ, ಮಗಳೇ. ನೆನಪಿದೆ. ಅಪ್ಪ ನಕ್ಕ ಮುಖ, ಬೆಳಗಿನ ಕಲ್ಲಿನ ಮೇಲಿನ ಮುಖ, ಎಷ್ಟು ಹುಡುಕಿದರೂ ಸಿಗುವುದಿಲ್ಲ. ಸಿಗುವುದು ಒಂದೇ: ನಗು ಎಲ್ಲಿಂದ ಬರುತ್ತಿದೆ ಎಂದು ತಿರುಗಿ, ಅದು ತನ್ನ ಮಗನದೂ ಹೌದೆಂದು ಕಂಡಾಗ, ಅಪ್ಪ ನನ್ನನ್ನು ನೋಡಿದ ಮುಖ.